ತುಳಿಯಲೊಂದು ಗಿಡ

ಫೆಬ್ರವರಿ 4

ಅತ್ತಿಗೆಯವರಿಗೆ,

ಕ್ಷೇಮ ಸಮಾಚಾರ ಕೇಳಿ ಕಾಗದ ಶುರು ಮಾಡುವಷ್ಟು ಸಮಾಧಾನ ನನಗೀಗ ಇಲ್ಲ. ನಿಮ್ಮ ಪಕ್ಕದ ಮನೆಯ ಕಾಂಪೌಂಡರ್ ಮಾಮನ ಕಾಗದ ನಿನ್ನೆ ನನ್ನ ಬಸ್ ಡಿಪೋದ ವಿಳಾಸಕ್ಕೆ ಬಂತು. ಅಣ್ಣನ ಲಾನನ್ನು ನೀವು ಆಳು ಕರೆಸಿ ಪೂರ್ತಿ ಅಗೆಸಿಬಿಟ್ಟಿರಂತೆ. ಹುಲ್ಲಿನ ಹೆಂಟೆಗಳನ್ನು ಗೇಟಿನ ಹೊರಗೆ ರಾಶಿ ಹಾಕಿಸಿದಿರಂತೆ. ಅಣ್ಣ ವರಾಂಡದ ಕುರ್ಚಿಯಲ್ಲಿ ಕೂತು ಅದನ್ನೆಲ್ಲ ನೋಡುತ್ತಿದ್ದರಂತೆ. “ಲಕ್ವ ಹೊಡೆದ ಮನುಷ್ಯ. ಬಾಯಿ ಬರಲ್ಲ, ಬಲಗೈ ಏಳಲ್ಲ. ಅಂಥವರ ಕಣ್ಣೆದುರಿಗೇ ಮಾಡಿಸಿದ್ರಲ್ಲಪ್ಪ ನಿಮ್ಮತ್ತಿಗೆ” ಎಂದು ಮಾಮ ಬರೆದಿದ್ದಾರೆ. ಓದಿ ನನಗೆ ಊಟ ಸೇರಲಿಲ್ಲ.

ಮೂವತ್ತು ವರ್ಷ ಸಾಕಿದ ಹುಲ್ಲು ಅದು. ಆಫೀಸಿನಲ್ಲಿ ದಿನವಿಡೀ ಕಟ್ಟಡಗಳ ನಕ್ಷೆ ಬರೆದು ಬಂದವರು ಮನೆಯಲ್ಲಿ ದಾರ ಕಟ್ಟಿ ಲಾನಿನ ಅಂಚು ಕತ್ತರಿಸುತ್ತಿದ್ದರು. ನಾನು ಓದಲೆಂದು ನಿಮ್ಮ ಮನೆಯಲ್ಲಿದ್ದಾಗ ಒಂದು ಬೆಳಿಗ್ಗೆ ಹೊತ್ತಾಯಿತೆಂದು ಆ ಹುಲ್ಲಿನ ಮೇಲೆ ಅಡ್ಡ ಹಾಯ್ದು ಓಡಿದೆ. ವಾರಗಟ್ಟಲೆ ನನ್ನ ಜೊತೆ ಮಾತು ಬಿಟ್ಟಿದ್ದರು. ಆಗ ಕೋಪ ಬಂದಿತ್ತು. ಈಗ ಅನಿಸುತ್ತದೆ, ಮನುಷ್ಯನಿಗೆ ಅಂಥದೊಂದು ಹುಚ್ಚಾದರೂ ಬೇಡವೇ?

ಆರೋಗ್ಯವಾಗಿದ್ದಾಗ ಅವರೆದುರು ಒಂದು ಕಡ್ಡಿ ಅಲ್ಲಾಡಿಸುವ ಧೈರ್ಯ ನಮಗ್ಯಾರಿಗೂ ಇರಲಿಲ್ಲ. ಈಗ ಏಳಲಾಗದವರ ಮೇಲೆ ಹೀಗೆ ಸೇಡು ತೀರಿಸಿಕೊಳ್ಳಬಹುದೇ ಅತ್ತಿಗೆ? ಫೋನು ಮಾಡಿ ಕೇಳೋಣವೆಂದರೆ ಅದು ಅಣ್ಣನ ಮಂಚದ ತಲೆದೆಸೆಯಲ್ಲೇ ಇದೆ. ಅವರ ಕಿವಿಗೆ ಬೀಳುವುದು ಬೇಡವೆಂದು ಕಾಗದ ಬರೆಯುತ್ತಿದ್ದೇನೆ.

ಕೋಪದಲ್ಲೇ,
ನಿಮ್ಮ ಮೈದುನ

ಫೆಬ್ರವರಿ 11

ಮೈದುನರಾಯರಿಗೆ,

ನಿನ್ನ ಕಾಗದ ಓದಿದ ಮೇಲೆ ಹೊಲಿಗೆ ಮಿಷನ್ನಿನ ಮುಂದೆ ಕೂತು ಒಂದು ರವಿಕೆಯ ತೋಳನ್ನು ತಿರುಗಾಮುರುಗಾ ಹೊಲಿದೆ. ಇಷ್ಟು ವರ್ಷದ ಕೆಲಸದಲ್ಲಿ ನನ್ನಿಂದ ಇಂಥ ತಪ್ಪು ಆಗಿದ್ದಿಲ್ಲ. ಸೇಡು ಎಂಬ ಮಾತು ಬರೆಯುವ ಮೊದಲು ನಿನ್ನ ಕೈ ಒಂದು ಗಳಿಗೆಯೂ ತಡೆಯಲಿಲ್ಲವಲ್ಲ. ನೀನು ಓದಿದ ಅಷ್ಟೂ ವರ್ಷ ನಿನ್ನ ಅಂಗಿಗೆ ಗುಂಡಿ ಹಾಕಿದವಳು ನಾನು.

ಕೇಳು. ಡಾಕ್ಟರು ಹೇಳಿದ್ದು ಒಂದೇ ಮಾತು: ನಡೆಯಬೇಕು, ದಿನಾ ನಡೆಯಬೇಕು, ಈ ವರ್ಷ ನಡೆದರೆ ನಡೆದ ಹಾಗೆ. ಬಿಟ್ಟರೆ ಆ ಕಾಲು ಹಾಗೇ ಸೆಟೆದುಕೊಳ್ಳುತ್ತದೆ. ಬಿದ್ದರೂ ಪೆಟ್ಟಾಗದ, ಮೆತ್ತಗಿನ ಸಮ ನೆಲದಲ್ಲಿ ಬರಿಗಾಲಲ್ಲಿ ನಡೆಸಿ ಎಂದರು. ನಮ್ಮ ಮನೆ ನಿನಗೆ ಗೊತ್ತಿಲ್ಲವೇ? ಒಳಗೆ ಹೆಜ್ಜೆಗೊಂದು ಹೊಸ್ತಿಲು. ಹೊರಗೆ ಗೋಡೆಯ ಪಕ್ಕದ ಸಿಮೆಂಟು ದಾರಿ, ಅದೂ ಮೋರಿಯ ಕಡೆ ಇಳಿಜಾರು. ಸಮವಾಗಿರುವ ಜಾಗ ಅಂತ ಇದ್ದದ್ದು ಆ ಲಾನು ಒಂದೇ.

ವ್ಯಾಯಾಮ ಮಾಡಿಸಲು ಬರುವ ಹುಡುಗಿ ಅಂಚಿನವರೆಗೆ ಕರೆದುಕೊಂಡು ಹೋದಳು. ನಿನ್ನ ಅಣ್ಣ ಊರುಗೋಲನ್ನು ಕಂಬಕ್ಕೆ ಸಿಕ್ಕಿಸಿಕೊಂಡು ನಿಂತರು. ಜಪ್ಪಯ್ಯ ಅಂದರೂ ಕದಲಲಿಲ್ಲ. “ಹುಲ್ಲು ಹಾಳಾದ್ರೆ ಮತ್ತೆ ಬೆಳೆಯುತ್ತೆ ಸಾರ್” ಎಂದಳು ಹುಡುಗಿ. ಅವಳ ಕೈಯನ್ನು ಕೊಡವಿಬಿಟ್ಟರು. ತಿಂಗಳು ಪೂರ್ತಿ ಇದೇ ರಗಳೆ. ಕೊನೆಗೆ ಅವಳು ಬರುವುದನ್ನೇ ನಿಲ್ಲಿಸಿದಳು.

ಇನ್ನೊಂದು ವಿಷಯ. ಅವರು ಬಿದ್ದ ದಿನದ ಕಥೆಯನ್ನು ನಿನ್ನ ಕಾಂಪೌಂಡರ್ ಮಾಮ ಬರೆದಿದ್ದಾರೆಯೇ? ಬರೆದಿರಲಾರರು. ಇವರು ಲಾನಿನ ನಡುವೆ ಕುಸಿದು ಬಿದ್ದದ್ದನ್ನು ಮೊದಲು ನೋಡಿದವರು ಅವರೇ. ಗೇಟು ತೆಗೆದು ಓಡಿ ಬಂದರು. ಬಂದವರು ಹುಲ್ಲಿನ ಅಂಚಿನಲ್ಲಿ ನಿಂತು, ಬಗ್ಗಿ, ಬೂಟಿನ ದಾರ ಬಿಚ್ಚತೊಡಗಿದರು. ನಾನು ಕಿಟಕಿಯಿಂದ ನೋಡುತ್ತಿದ್ದೇನೆ, ಈ ಮನುಷ್ಯ ಒಂದು ಬೂಟು ಬಿಚ್ಚಿ ಇನ್ನೊಂದಕ್ಕೆ ಕೈ ಹಾಕಿದ್ದಾರೆ. ಅವರ ತಪ್ಪೂ ಅಲ್ಲ. ಮೂವತ್ತು ವರ್ಷ ಬೀದಿಗೆ ಬೀದಿಯನ್ನೇ ಹಾಗೆ ಪಳಗಿಸಿಟ್ಟಿದ್ದರು ನಿನ್ನ ಅಣ್ಣ. ಆದರೆ ನಾನು ಹೊರಗೆ ಓಡಿ ಬಂದಾಗ ಕಂಡದ್ದು ಬೇರೆ. ಬಾಯಿ ಸೊಟ್ಟಗಾಗಿ ನೆಲಕ್ಕೆ ಬಿದ್ದ ಮನುಷ್ಯ ಎಡಗೈ ಎತ್ತಿ ಕಾಂಪೌಂಡರ್ ಮಾಮನ ಕಾಲಲ್ಲಿ ಉಳಿದಿದ್ದ ಬೂಟನ್ನು ತೋರಿಸುತ್ತಿದ್ದರು. ನನ್ನತ್ತ ತಿರುಗಿಯೂ ನೋಡಲಿಲ್ಲ. ಸಾಯುವ ಹೊತ್ತಿನಲ್ಲೂ ಆ ಹುಲ್ಲೇ.

ಹೌದು, ಅಗೆಸಿದೆ. ಇನ್ನು ಅಲ್ಲಿ ತುಳಿಯುವುದಕ್ಕೆಂದೇ ಒಂದು ಗಿಡ ಹಬ್ಬಿಸುತ್ತೇನೆ. ನೀರು ಕೇಳಬಾರದು, ಕತ್ತರಿ ಕೇಳಬಾರದು, ಯಾರ ಪ್ರೀತಿಯನ್ನೂ ಕೇಳಬಾರದು. ನರ್ಸರಿಯವನು ಹಳದಿ ಹೂವಿನ ಹಬ್ಬುಬಳ್ಳಿ ಕೊಡುತ್ತೇನೆ ಎಂದಿದ್ದಾನೆ. ಕೊಂದರೂ ಸಾಯುವುದಿಲ್ಲವಂತೆ.

ನಿನಗಿಂತ ಹೆಚ್ಚು ಕೋಪದಲ್ಲಿ,
ಅತ್ತಿಗೆ

ಫೆಬ್ರವರಿ 24

ಅತ್ತಿಗೆ,

ಬೂಟಿನ ವಿಷಯ ನನಗೆ ಗೊತ್ತಿರಲಿಲ್ಲ. ಸೇಡು ಎಂದದ್ದನ್ನು ವಾಪಸ್ಸು ತೆಗೆದುಕೊಂಡಿದ್ದೇನೆ. ಕಾಂಪೌಂಡರ್ ಮಾಮನಿಗೆ ಉತ್ತರವನ್ನೂ ಬರೆದಿಲ್ಲ. ಆದರೂ ಅರ್ಧವನ್ನಾದರೂ ಬಿಡಬಹುದಿತ್ತು ಎಂಬ ಸಂಕಟ ಹೋಗುತ್ತಿಲ್ಲ. ಅಣ್ಣ ಕಣ್ಣು ತೆರೆದರೆ ಎದುರಿಗೆ ಬರೀ ಮಣ್ಣು.

ಅದಿರಲಿ, ಆ ಹಳದಿ ಹೂವಿನ ಬಳ್ಳಿಯನ್ನು ಮಾತ್ರ ದಯವಿಟ್ಟು ಹಾಕಬೇಡಿ. ನಮ್ಮ ಡಿಪೋದ ಬೇಲಿಗೆ ಯಾರೋ ಪುಣ್ಯಾತ್ಮರು ನಾಲ್ಕು ತುಂಡು ಊರಿದ್ದರು. ಬೇಲಿಯನ್ನು ನುಂಗಿತು, ಮೋರಿಯನ್ನು ನುಂಗಿತು, ಕೆಟ್ಟು ನಿಂತಿದ್ದ ಒಂದು ಬಸ್ಸಿನ ಚಕ್ರವನ್ನೂ ಸುತ್ತಿಕೊಂಡಿತು. ಗಣ್ಣುಗಣ್ಣಾಗಿ ಮೇಲೇಳುತ್ತದೆ, ನೆಟ್ಟಗಿರುವವರ ಕಾಲಿಗೇ ತೊಡರುತ್ತದೆ. ಕಾಲೆಳೆದು ನಡೆಯುವವರ ಗತಿ ಏನು? ಸಾಯುವುದಿಲ್ಲ ಎಂಬುದೊಂದೇ ಗುಣ ಸಾಕೇ? ಮನುಷ್ಯರಲ್ಲೂ ಅಂಥವರಿದ್ದಾರೆ, ಅಂಗಳಕ್ಕೆ ಕರೆದು ಕೂರಿಸುತ್ತೇವೆಯೇ?

ನಿಮ್ಮ ಮೈದುನ

ಏಪ್ರಿಲ್ 2

ಮೈದುನನಿಗೆ,

ನಿನ್ನ ಕಾಗದ ಬರುವಷ್ಟರಲ್ಲಿ ನೆಟ್ಟಾಗಿತ್ತು. ನೀನು ಹೇಳಿದ ಹಾಗೇ ಆಯಿತು, ಈಗ ಬೀಗಬೇಡ. ಬಿದ್ದದ್ದು ನಾನು. ಬಕೆಟ್ಟು ಹಿಡಿದು ಹೋಗುತ್ತಿದ್ದಾಗ ಬಳ್ಳಿ ಕಾಲಿಗೆ ಸಿಕ್ಕಿ ಮಕಾಡೆ ಬಿದ್ದೆ. ಮೊಣಕಾಲು ತರಚಿತು. ವರಾಂಡದಲ್ಲಿ ಕೂತಿದ್ದ ನಿನ್ನ ಅಣ್ಣ ಇಷ್ಟು ತಿಂಗಳಲ್ಲಿ ಮೊದಲ ಸಲ ನಕ್ಕರು. ಅರ್ಧ ಮುಖದ ನಗು. ನನಗೆ ಮೈಯೆಲ್ಲ ಉರಿದುಹೋಯಿತು.

ನರ್ಸರಿಯವನ ಹತ್ತಿರ ಹೋಗಿ ಕೇಳಿದರೆ “ನೀವು ಸಾಯದ ಗಿಡ ಕೇಳಿದ್ರಿ, ನಡೆಯೋ ಗಿಡ ಅಂತ ಹೇಳ್ಲಿಲ್ವಲ್ಲಮ್ಮ” ಎನ್ನುತ್ತಾನೆ. ಗಿಡ ನಡೆಯುವುದಲ್ಲಪ್ಪ, ಗಿಡದ ಮೇಲೆ ಮನುಷ್ಯ ನಡೆಯಬೇಕು ಎಂದು ಬಿಡಿಸಿ ಹೇಳಿದೆ. ಆಮೇಲೆ ಅವನು ಕೊಟ್ಟದ್ದು ಬೆಳಿಗ್ಗೆ ಬಿಸಿಲೇರಿದ ಮೇಲೆ ಅರಳುತ್ತದಲ್ಲ, ಆ ಹತ್ತುಗಂಟೆ ಹೂವು. ನೋಡಲು ಚೆಂದ. ಕಾಲಿಟ್ಟರೆ ಎಲೆಯೆಲ್ಲ ಜಜ್ಜಿ ನೀರಾಗಿ ಜಾರುತ್ತದೆ. ಒಂದೆಲಗ ತಂದು ಹಾಕಿದೆ, ಅದಕ್ಕೆ ಬೆಳಿಗ್ಗೆ ಸಂಜೆ ನೀರಿನ ಉಪಚಾರ. ಒಂದು ಮಧ್ಯಾಹ್ನ ನೀರು ತಪ್ಪಿದರೆ ಮುಖ ಬಾಡಿಸಿಕೊಂಡು ಮಲಗುತ್ತದೆ. ಮುಖ ಬಾಡಿಸಿಕೊಂಡವರು ಈ ಮನೆಯಲ್ಲಿ ಈಗಾಗಲೇ ಒಬ್ಬರಿದ್ದಾರೆ. ಇನ್ನೊಬ್ಬರನ್ನು ಸಾಕಲು ನನ್ನಿಂದಾಗದು.

ಅಷ್ಟು ದೂರದಲ್ಲಿ ಕೂತು ಬುದ್ಧಿ ಹೇಳುವುದು ಸುಲಭ. ಅದು ಬೇಡ, ಇದು ಬೇಡ ಎನ್ನುತ್ತೀಯಲ್ಲ, ಯಾವುದು ಬೇಕು ಎಂದು ಹೇಳು. ತಿಂಗಳುಗಳು ಉರುಳುತ್ತಿವೆ. ಅವರ ಬಲಗಾಲಿನ ಪಾದ ಒಳಕ್ಕೆ ತಿರುಗಲು ಶುರುವಾಗಿದೆ. ನನಗೆ ನಿಜಕ್ಕೂ ಹೆದರಿಕೆಯಾಗುತ್ತಿದೆ.

ಅತ್ತಿಗೆ

ಏಪ್ರಿಲ್ 20

ಅತ್ತಿಗೆಯವರಿಗೆ ನಮಸ್ಕಾರಗಳು.

ನಾಳೆ ಸಂಜೆಯ ಬಸ್ಸಿನ ಡ್ರೈವರ್ ಕೈಯಲ್ಲಿ ಈ ಕಾಗದದ ಜೊತೆಗೇ ಒದ್ದೆ ಗೋಣಿಚೀಲವೊಂದನ್ನು ಕಳಿಸುತ್ತಿದ್ದೇನೆ. ಬಿಚ್ಚಿದ ಕೂಡಲೇ ಕಳೆ ಎಂದು ಎಸೆಯಬೇಡಿ.

ನಮ್ಮ ಡಿಪೋದಲ್ಲಿ ಬಸ್ಸುಗಳು ತಿರುಗುವ ಜಾಗದ ಅಂಚಿನಲ್ಲಿ ಇದು ತಾನಾಗಿ ಬೆಳೆದಿದೆ. ಇಷ್ಟು ವರ್ಷ ಅದರ ಪಕ್ಕದಲ್ಲೇ ಓಡಾಡಿದ್ದೇನೆ, ಕಣ್ಣಿಗೆ ಬಿದ್ದಿರಲಿಲ್ಲ. ನಿಮ್ಮ ಕಾಗದ ಬಂದ ಮೇಲೆ ಬಗ್ಗಿ ನೋಡಿದೆ. ಚಿಕ್ಕ ಎಲೆ, ತುದಿಯಲ್ಲಿ ಸಣ್ಣ ಗರಗಸದ ಹಲ್ಲು. ಮೇಲಕ್ಕೆ ಏಳುವುದೇ ಇಲ್ಲ, ಗಣ್ಣುಗಣ್ಣಿಗೂ ಬೇರು ಬಿಟ್ಟು ನೆಲಕ್ಕೆ ಅಂಟಿಕೊಂಡು ಹೋಗುತ್ತದೆ. ನೆಲಹಿಪ್ಪಲಿ ಎನ್ನುತ್ತಾರೆ. ಅದಕ್ಕೆ ನೀರು ಹಾಕಿದವರಿಲ್ಲ, ಗೊಬ್ಬರ ಹಾಕಿದವರಿಲ್ಲ. ಚಕ್ರ ಹರಿದ ಜಾಗದಲ್ಲೂ ವಾರದಲ್ಲಿ ಮತ್ತೆ ಚಿಗುರಿತ್ತು. ನಾನು ಬರಿಗಾಲಲ್ಲಿ ಅದರ ಮೇಲೆ ಹಿಂದೆ ಮುಂದೆ ನಡೆದು ನೋಡಿದೆ, ಬಲಗಾಲನ್ನು ಅಣ್ಣನ ಹಾಗೆ ಎಳೆದೂ ನೋಡಿದೆ. ಎಲ್ಲೂ ತೊಡರಲಿಲ್ಲ. ನೋಡುತ್ತಿದ್ದ ಕಂಡಕ್ಟರುಗಳು ಸಾಹೇಬರಿಗೆ ತಲೆ ಕೆಟ್ಟಿದೆ ಎಂದುಕೊಂಡಿರಬೇಕು.

ಹಳೆಯ ಬಳ್ಳಿಯ ಒಂದು ತುಂಡೂ ಮಣ್ಣಿನಲ್ಲಿ ಉಳಿಯದಂತೆ ತೆಗೆಸಿ. ಗೇಣಿಗೊಂದು ತುಂಡು ನೆಡಿ. ಬೇರು ಹಿಡಿಯುವ ತನಕ ನೀರು, ಆಮೇಲೆ ಮರೆತರೂ ನಡೆಯುತ್ತದೆ. ಒಂದು ಎಚ್ಚರ: ಸಣ್ಣ ಗುಂಡಿಯಂಥ ಹೂ ಬಿಡುತ್ತದೆ, ಜೇನುನೊಣ ಬರುತ್ತವೆ. ಅಣ್ಣ ಬರಿಗಾಲಲ್ಲಿ ಇಳಿಯುವ ಮೊದಲು ಹೂಗಳನ್ನು ಸವರಿಬಿಡಿ.

ಇನ್ನೊಂದು ಮಾತು. ಇದನ್ನು ಕಳಿಸಿದವನು ನಾನು ಎಂದು ಅಣ್ಣನಿಗೆ ಹೇಳಬೇಡಿ. ನಗಬೇಡಿ. ಈ ವಯಸ್ಸಿನಲ್ಲೂ ನನಗೆ ಅವರೆಂದರೆ ಹೆದರಿಕೆಯೇ.

ನಿಮ್ಮ ಮೈದುನ

ಜುಲೈ 8

ಮೈದುನನಿಗೆ ಆಶೀರ್ವಾದ.

ನಿನ್ನ ಗಿಡ ಗೆದ್ದಿತು. ಮಣ್ಣು ಕಾಣದ ಹಾಗೆ ಹಬ್ಬಿದೆ. ನಾನು ದಿನವೂ ಅದರ ಮೇಲೇ ಓಡಾಡಿ ಬಟ್ಟೆ ಒಣಹಾಕುತ್ತೇನೆ. ಮೂವತ್ತು ವರ್ಷ ಗೋಡೆ ಸವರಿಕೊಂಡು ಸುತ್ತು ಬಳಸಿ ಗೇಟಿಗೆ ಹೋದವಳು ಈಗ ನೆಟ್ಟಗೆ ಹೋಗುತ್ತೇನೆ. ಗೇಟು ಇಷ್ಟು ಹತ್ತಿರವಿತ್ತೇ ಎಂದು ಮೊದಲ ದಿನ ಆಶ್ಚರ್ಯವಾಯಿತು.

ನಡೆಯಬೇಕಾದವರು ಮಾತ್ರ ಇಳಿದಿಲ್ಲ. ಈಗಂತೂ ಕುರ್ಚಿಯನ್ನೇ ಗೋಡೆಯ ಕಡೆ ತಿರುಗಿಸಿಕೊಂಡು ಕೂರುತ್ತಾರೆ. ನಾನು ಹೇಳಿದೆ, “ಇದು ಹಾಳಾಗಲ್ಲ ಕಣ್ರೀ, ತುಳಿಯೋಕೇ ಇರೋದು.” ವ್ಯಾಯಾಮದ ಹುಡುಗಿಯನ್ನು ಕಾಡಿ ಬೇಡಿ ಮತ್ತೆ ಕರೆಸಿದೆ. ಮೆಟ್ಟಿಲವರೆಗೆ ಬಂದು “ಬೇಡ” ಎಂದು ತಿರುಗಿದರು. ಬರುವ ಮಾತುಗಳಲ್ಲಿ ಅದೊಂದೇ ಸ್ಪಷ್ಟ. ಮಾತು ಬರುತ್ತದೆ, ಇವರು ಪ್ರಯತ್ನ ಪಡುತ್ತಿಲ್ಲ ಎನ್ನುತ್ತಾರೆ ಡಾಕ್ಟರು.

ನನ್ನ ಕೈಲಾದದ್ದನ್ನೆಲ್ಲ ಮಾಡಿದೆ. ನೆಲ ಹದ ಮಾಡಿದೆ, ನಾಲ್ಕು ಸಲ ನೆಟ್ಟೆ, ಮೂರು ಸಲ ಕಿತ್ತೆ. ಇನ್ನೇನು ಮಾಡಬೇಕು ಹೇಳು.

ಅತ್ತಿಗೆ

ಜುಲೈ 17

ಅತ್ತಿಗೆ,

ನೀವು ಇಷ್ಟು ದಣಿದದ್ದನ್ನು ನಾನು ಯಾವತ್ತೂ ಕಂಡಿಲ್ಲ. ಸಾಕು, ಬಿಟ್ಟುಬಿಡಿ. ಬಲವಂತ ಮಾಡಿ ಆಗುವುದೇನಿದೆ? ಇಲ್ಲಿ ಒಳ್ಳೆಯ ಗಾಲಿ ಕುರ್ಚಿ ಸಿಗುತ್ತದೆ, ಮುಂದಿನ ತಿಂಗಳು ಬಸ್ಸಿನಲ್ಲಿ ಹಾಕಿ ಕಳಿಸುತ್ತೇನೆ. ಅಣ್ಣನೂ ನೆಮ್ಮದಿಯಾಗಿ ಕೂರಲಿ, ನೀವೂ ನೆಮ್ಮದಿಯಾಗಿ ಕೂರಿ.

ನಿಮ್ಮ ಮೈದುನ

ಜುಲೈ 21

ಗಾಲಿ ಕುರ್ಚಿ ಕಳಿಸಿದರೆ ಅದರಲ್ಲಿ ಮಣ್ಣು ತುಂಬಿ ನಿನಗೇ ವಾಪಸ್ಸು ಕಳಿಸುತ್ತೇನೆ. ನನ್ನ ನೆಮ್ಮದಿಯ ಲೆಕ್ಕ ನಿನಗೆ ಬೇಡ.

ಅತ್ತಿಗೆ

ಆಗಸ್ಟ್ 12

ಮೈದುನನಿಗೆ,

ಅಂದು ಎರಡೇ ಸಾಲು ಬರೆದದ್ದಕ್ಕೆ ನೀನು ಮುಖ ಊದಿಸಿಕೊಂಡಿದ್ದೀಯೆಂದು ಗೊತ್ತು. ಈಗ ಉದ್ದ ಬರೆಯುತ್ತೇನೆ, ಕೂತು ಓದು.

ನಿನ್ನ ಕಾಗದ ಬಂದ ಮೇಲೆ ನನಗೆ ಎಷ್ಟು ಸಿಟ್ಟು ಬಂತೆಂದರೆ, ಸಂಜೆ ಒಂದು ಕುರ್ಚಿಯನ್ನೂ ಎರಡು ಲೋಟ ಚಹಾವನ್ನೂ ಎತ್ತಿಕೊಂಡು ಹೋಗಿ ಅಂಗಳದ ನಟ್ಟನಡುವೆ ಕೂತೆ. ಅಲ್ಲಿಂದಲೇ ಕೂಗಿದೆ, “ಚಹಾ ಇಲ್ಲಿದೆ. ಬೇಕಿದ್ರೆ ಬನ್ನಿ. ಇನ್ಮೇಲೆ ಕೈಗೆ ತಂದ್ಕೊಡಲ್ಲ.” ಬರಲಿಲ್ಲ. ಎರಡೂ ಲೋಟ ನಾನೇ ಕುಡಿದೆ. ಮರುದಿನವೂ ಹಾಗೇ. ಕಾಂಪೌಂಡರ್ ಮಾಮ ಗೋಡೆಯ ಮೇಲಿಂದ ಇಣುಕಿ “ಕಾಯಿಲೆಯವರನ್ನ ಹೀಗಾ ನೋಡ್ಕೊಳ್ಳೋದು ತಾಯಿ?” ಎಂದರು. ನೀವು ನಿಮ್ಮ ಮನೆಯ ಚಹಾ ನೋಡಿಕೊಳ್ಳಿ ಎಂದೆ. ಎರಡು ವಾರ ಹೀಗೇ ನಡೆಯಿತು. ಎರಡೆರಡು ಲೋಟ ಕುಡಿದು ನನಗೆ ಎದೆಯುರಿ ಬಂತು.

ಹೋದ ವಾರ ಒಂದು ದಿನ ತಡೆಯಲಾಗಲಿಲ್ಲ. ಅಂಗಳದಿಂದಲೇ ಹೇಳಿದೆ, “ಆಯ್ತು ಬಿಡಿ. ನಿಮ್ಮ ತಮ್ಮನಿಗೆ ಬರೆದುಬಿಡ್ತೀನಿ, ಗಾಲಿ ಕುರ್ಚಿ ಕಳಿಸು ಅಂತ. ಅವನು ರೆಡಿ ಇದಾನೆ. ಫೆಬ್ರವರಿಯಿಂದ ನಾವಿಬ್ರೂ ಬರ್ಕೋತಾನೇ ಇದೀವಿ. ಈ ಗಿಡ ಕಳಿಸಿದ್ದೂ ಅವನೇ.”

ನಿನಗೆ ಕೊಟ್ಟ ಮಾತು ಮುರಿದೆ. ಮುರಿದದ್ದಕ್ಕೆ ಬೇಸರವಿಲ್ಲ.

ಕುರ್ಚಿ ಕಿರುಗುಟ್ಟಿತು. ನೋಡಿದರೆ ಎದ್ದು ನಿಂತಿದ್ದಾರೆ. ಊರುಗೋಲು ಹಿಡಿದು ಮೆಟ್ಟಿಲು ಇಳಿದರು. ಅಂಚಿನಲ್ಲಿ ನಿಲ್ಲುತ್ತಾರೆ ಎಂದುಕೊಂಡೆ, ನಿಲ್ಲಲಿಲ್ಲ. ಆ ಗಿಡವನ್ನು ಕಣ್ಣೆತ್ತಿಯೂ ನೋಡದೆ, ಕಾಲೆಳೆಯುತ್ತ, ನೇರ ನನ್ನ ಕಡೆ ಬಂದರು. ಮುಖ ಕೆಂಪಾಗಿತ್ತು. ನಾನು ಏಳಲೂ ಇಲ್ಲ, ಕೈ ಕೊಡಲೂ ಇಲ್ಲ. ಎದುರಿಗೆ ಬಂದು ನಿಂತವರು ನನಗೆ ಬೆರಳು ತೋರಿಸಿ ಬೈಯಬೇಕಿತ್ತಲ್ಲ, ನೆಟ್ಟಗಿರುವುದು ಒಂದೇ ಕೈ. ಅದಕ್ಕೆ ಊರುಗೋಲನ್ನು ಬಿಟ್ಟುಬಿಟ್ಟರು.

“ನನ್ನ... ಕೇಳ್ಬೇಕಿತ್ತು” ಎಂದರು.

“ಏನು?”

“ನನ್ನ ಕೇಳ್ಬೇಕಿತ್ತು. ಹುಲ್ಲು ನಂದು. ಕಾಲು... ಕಾಲೂ ನಂದು.”

ಅದು ನಿಜ. ಅಗೆಯುವಾಗ ನಾನು ಕೇಳಲಿಲ್ಲ. ನೀನು ಜಗಳವಾಡುವಾಗಲೂ ಅವರನ್ನು ಕೇಳಲಿಲ್ಲ, ಗಿಡ ಆರಿಸುವಾಗಲೂ ಕೇಳಲಿಲ್ಲ. ಪಾಪ ಅಣ್ಣ ಎಂದು ನೀನು ಬರೆದೆ, ಹಟಮಾರಿ ಎಂದು ನಾನು ಬರೆದೆ. ಆ ಮನುಷ್ಯ ಅಷ್ಟೂ ದಿನ ಅಲ್ಲೇ ವರಾಂಡದಲ್ಲಿ ಕೂತಿದ್ದರು. ಆದರೆ ನನಗೂ ಒಂದು ಹೊಟ್ಟೆಯುರಿ ಇತ್ತಲ್ಲ.

“ನೀವು ನನ್ನ ಕೇಳಿದ್ರಾ? ಮೂವತ್ತು ವರ್ಷದಲ್ಲಿ ಒಂದ್ಸಲ? ಈ ಅಂಗಳದಲ್ಲಿ ಒಂದು ಕುರ್ಚಿ ಹಾಕ್ಕೊಂಡು ಕೂರ್ತೀಯಾ ಅಂತ ಕೇಳಿದ್ರಾ? ಬಿದ್ದಾಗ್ಲೂ ನನ್ನನ್ನ ಕರೀಲಿಲ್ಲ ನೀವು. ಬೂಟು ತೋರಿಸಿದ್ರಿ.”

ತುಂಬ ಹೊತ್ತು ತುಟಿ ಅಲ್ಲಾಡಿತು. “ಕರೆದೆ” ಎಂದರು. “ಬಾಯಿ... ಬರ್ಲಿಲ್ಲ.”

ನಾನು ಕೈಯಲ್ಲಿದ್ದ ಲೋಟವನ್ನು ಕೆಳಗಿಟ್ಟೆ.

“ಬೂಟೂ... ತೋರಿಸ್ದೆ” ಎಂದರು.

ನಗಬೇಕೋ ಅಳಬೇಕೋ ತಿಳಿಯದೆ ಎರಡನ್ನೂ ಮಾಡಿದೆ. ಆಗ ನನ್ನ ಗಮನಕ್ಕೆ ಬಂತು, ಇವರು ಏನನ್ನೂ ಹಿಡಿದುಕೊಳ್ಳದೆ ನಿಂತಿದ್ದಾರೆ. ಕೋಲು ನೆಲದ ಮೇಲಿದೆ, ಪಕ್ಕದಲ್ಲಿ ಗೋಡೆಯಿಲ್ಲ, ಕಂಬವಿಲ್ಲ. ಬಾಯಿಬಿಟ್ಟು ಹೇಳಿದರೆ ಎಲ್ಲಿ ಬಿದ್ದುಬಿಡುತ್ತಾರೋ ಎಂದು ಹೇಳಲಿಲ್ಲ. ಜಗಳ ನಿಲ್ಲಿಸಲೂ ಧೈರ್ಯವಾಗಲಿಲ್ಲ. ನನ್ನ ಬಟ್ಟೆ ಕತ್ತರಿಯಲ್ಲಿ ಹುಲ್ಲು ಕತ್ತರಿಸಿ ಮೊಂಡು ಮಾಡಿದ್ದು, ಹುಲ್ಲಿಗೆ ನೀರು ತಪ್ಪುತ್ತದೆಂದು ನನ್ನ ತಂಗಿಯ ಮದುವೆಗೆ ಒಂದೇ ದಿನ ಬಂದು ಹೋದದ್ದು, ಎಲ್ಲವನ್ನೂ ಒಂದೊಂದಾಗಿ ತೆಗೆದೆ. ಒಂದೊಂದಕ್ಕೂ ಉತ್ತರ ಕೊಟ್ಟರು, ಅರ್ಧರ್ಧ ಮಾತಿನಲ್ಲಿ, ಬೆರಳು ಇಳಿಸದೆ. ಕೊನೆಗೆ ನನ್ನ ಹತ್ತಿರ ದೂರುಗಳೇ ಮುಗಿದುಹೋದವು. ಅಷ್ಟು ಹೊತ್ತೂ ನಿಂತೇ ಇದ್ದರು.

“ವಾಪಸ್ ಹೋಗೋಕೆ ಕೈ ಕೊಡ್ಲಾ?” ಎಂದು ಕೇಳಿದೆ. ಕೇಳಿಯೇ ಕೊಟ್ಟೆ.

ಈಗ ದಿನವೂ ಬರುತ್ತಾರೆ. ಚಹಾ ತಣ್ಣಗಿದೆ, ಸಕ್ಕರೆ ಕಡಿಮೆ ಎಂದು ಬೈಯಲು ಬರುತ್ತಾರೆ. ನಿನ್ನ ಮೇಲೂ ಕೆಂಡವಾಗಿದ್ದಾರೆ. ನಿನಗೆ ಬರೆಯಬೇಕೆಂದು ಎಡಗೈಯಲ್ಲಿ ಪೆನ್ನು ಹಿಡಿದು ಕೂತಿದ್ದಾರೆ. ನಾನು ಬರೆದುಕೊಡುತ್ತೇನೆಂದರೆ ಕೊಡಲಿಲ್ಲ.

ಅತ್ತಿಗೆ

ಆಗಸ್ಟ್ 19

ತಮ್ಮನಿಗೆ,

ಎಡಗೈ. ಅಕ್ಷರ ನೋಡಿ ನಗಬೇಡ.

ನಿನ್ನ ಗಿಡ ನೋಡಿದೆ. ಅಂಚಿಲ್ಲ. ಮಟ್ಟವಿಲ್ಲ. ಹೇಳಿದ ಕಡೆ ನಿಲ್ಲುವುದಿಲ್ಲ, ಮೋರಿಯ ಕಡೆ ಹೊರಟಿದೆ. ಹೂವಿನ ತುಂಬ ನೊಣ. ಹಾಳು ಗಿಡ.

ಗಾಲಿ ಕುರ್ಚಿ ಬೇಡ. ಕೇಳಿದ್ದರೆ ಆಗಲೇ ಹೇಳುತ್ತಿದ್ದೆ. ನಿನ್ನ ಕಾಗದ ನನ್ನ ಹೆಸರಿಗೆ ಒಂದೂ ಬರಲಿಲ್ಲ. ಕಿವಿ ಚೆನ್ನಾಗಿದೆ ನನಗೆ. ಕಣ್ಣೂ.

ಮತ್ತೆ ಲಾನು ಹಾಕೋಣವೇ ಎಂದು ನಿನ್ನ ಅತ್ತಿಗೆಯನ್ನು ಕೇಳಿದೆ. ಬೇಡ ಎಂದಳು. ನಾಳೆ ಇನ್ನೊಮ್ಮೆ ಕೇಳುತ್ತೇನೆ.

ಬಗ್ಗಿ ಏಳಲು ಬಂದ ದಿನ ನಿನ್ನ ಗಿಡವನ್ನು ನಾನೇ ನನ್ನ ಕೈಯಾರೆ ಕೀಳುತ್ತೇನೆ. ಅಲ್ಲಿಯವರೆಗೆ ದಿನವೂ ತುಳಿಯುತ್ತೇನೆ.

ನಿನ್ನ ಅಣ್ಣ